ಗಜನಿ ಗದ್ದೆ, ಹಳೆಯ ಸಹಿ: ಸರ್ಕಾರಿ ಟಿವಿ ಮುಖ್ಯಸ್ಥರೊಬ್ಬರ ಪ್ರಕರಣ

ಕಾರವಾರ, ಅಂಕೋಲಾ, ಕುಮಟಾ ಕಡೆಯ ಹುಡುಗ ಹುಡುಗಿಯರಿಗೆ ಸ್ಪರ್ಧಾತ್ಮಕ ಪರೀಕ್ಷೆಗೆ ಓದಿಸುವುದು ನನ್ನ ಕೆಲಸ. ಯುಪಿಎಸ್‌ಸಿ ಮುಖ್ಯ ಪರೀಕ್ಷೆಯಲ್ಲಿ 2013ರಿಂದ ನೀತಿಶಾಸ್ತ್ರದ ಪತ್ರಿಕೆ ಇದೆ. ಒಂದು ಪ್ರಕರಣ ಕೊಟ್ಟು, ನೀವಿದ್ದರೆ ಏನು ಮಾಡುತ್ತಿದ್ದಿರಿ ಎಂದು ಕೇಳುತ್ತಾರೆ. ನಮ್ಮ ಮಕ್ಕಳು ಬರೆಯುವ ಉತ್ತರಗಳಲ್ಲಿ ಒತ್ತಡ ಯಾವಾಗಲೂ ಹೊರಗಿನಿಂದಲೇ ಬರುತ್ತದೆ. ಅಧಿಕಾರಿ ಅದನ್ನು ಎದುರಿಸುತ್ತಾನೆ, ಗೆಲ್ಲುತ್ತಾನೆ ಅಥವಾ ವರ್ಗವಾಗುತ್ತಾನೆ. ಈ ಪ್ರಕರಣ ಆ ಅಚ್ಚಿಗೆ ಕೂರುವುದಿಲ್ಲ. ಅದಕ್ಕೇ ಇದನ್ನು ಪೂರ್ತಿ ಬರೆಯಬೇಕು ಅನ್ನಿಸಿತು.

ಗುರುತಿನ ವಿಷಯ ಮೊದಲೇ ಹೇಳಿಬಿಡುತ್ತೇನೆ. ಇದು ಪಾಠಕ್ಕಾಗಿ ಕಟ್ಟಿದ ಪ್ರಕರಣ. ಒಬ್ಬರಿಗಿಂತ ಹೆಚ್ಚು ಅಧಿಕಾರಿಗಳ ಅನುಭವ ಇದರಲ್ಲಿ ಬೆರೆತಿದೆ. ಹುದ್ದೆಯ ಹೆಸರು, ವರ್ಷ, ಊರು, ಯೋಜನೆ ಯಾವುದನ್ನೂ ಹೇಳುವುದಿಲ್ಲ. ಯೋಜನೆ ಯಾವುದಿರಬಹುದು ಎಂದು ಊಹಿಸಲು ಹೋದರೂ ನಮ್ಮ ಜಿಲ್ಲೆಯಲ್ಲಿ ಪಟ್ಟಿ ಉದ್ದವಿದೆ. ಕಾಳಿ ನದಿಯ ಅಣೆಕಟ್ಟುಗಳು, ಕೈಗಾ ಅಣುಸ್ಥಾವರ, ಸೀಬರ್ಡ್ ನೌಕಾನೆಲೆ, ಕೊಂಕಣ ರೈಲ್ವೆ, ಹೆದ್ದಾರಿ. ಭೂಮಿ ಬಿಟ್ಟುಕೊಟ್ಟ ಮನೆ ಇಲ್ಲದ ಊರು ನಮ್ಮಲ್ಲಿ ಕಡಿಮೆ. ಕಾನೂನಿನ ಕಲಮುಗಳು ಮಾತ್ರ ಇದ್ದದ್ದು ಇದ್ದ ಹಾಗೆ.

ಹಿನ್ನೆಲೆ

ಅಧಿಕಾರಿ ಐಎಎಸ್. ಹೊರರಾಜ್ಯದವರಾದರೂ ಕರ್ನಾಟಕ ಕೇಡರ್. ಸೇವೆಯ ಆರಂಭದ ವರ್ಷಗಳಲ್ಲಿ ನಮ್ಮ ಕರಾವಳಿಯ ಒಂದು ಉಪವಿಭಾಗಕ್ಕೆ ಎಸಿಯಾಗಿ, ಅಂದರೆ ಅಸಿಸ್ಟೆಂಟ್ ಕಮಿಷನರ್ ಆಗಿ ಬಂದರು. ಕನ್ನಡ ಕಲಿತದ್ದು ಇಲ್ಲಿಯೇ, ಜನರ ಬಾಯಿಂದ. ಎಸಿ ಅಂದಮೇಲೆ ಭೂಸ್ವಾಧೀನಾಧಿಕಾರಿಯ ಕೆಲಸವೂ ಹೆಗಲಿಗೆ ಬಿತ್ತು. ಆಗ ಇದ್ದದ್ದು 1894ರ ಭೂಸ್ವಾಧೀನ ಕಾಯ್ದೆ. ನಾಲ್ಕನೇ ಕಲಮಿನ ಅಧಿಸೂಚನೆ ಹೊರಟ ದಿನ ಜಮೀನಿಗೆ ಏನು ಬೆಲೆ ಇತ್ತೋ ಅದೇ ಲೆಕ್ಕ. ಅದರ ಮೇಲೆ ಶೇ. 30 ಪರಿಹಾರದ ಹೆಚ್ಚುವರಿ. ಹನ್ನೊಂದನೇ ಕಲಮಿನಡಿ ಐತೀರ್ಪು, ಅಂದರೆ ಪರಿಹಾರ ನಿಗದಿ ಮಾಡುವ ಆದೇಶ, ಕೆಳಗೆ ಎಸಿಯ ಸಹಿ, ಸೀಲು.

ಸ್ವಾಧೀನವಾದ ಜಮೀನಿನಲ್ಲಿ ಒಂದಷ್ಟು ಗಜನಿ ಗದ್ದೆ. ಈ ಕಡೆಯವರಲ್ಲದ ಓದುಗರಿಗೆ ಗಜನಿ ಅಂದರೇನು ಎಂದು ಸ್ವಲ್ಪ ಹೇಳಬೇಕು, ಇಡೀ ಪ್ರಕರಣ ನಿಂತಿರುವುದೇ ಅದರ ಮೇಲೆ. ನದಿ ಸಮುದ್ರ ಸೇರುವ ಕಡೆ ಉಪ್ಪುನೀರು ಹೊಕ್ಕು ಹೊರಡುವ ತಗ್ಗು ಭೂಮಿ ಅದು. ಅಘನಾಶಿನಿ ದಡದ ಮಾಣಿಕಟ್ಟಾ ಕಡೆ ಹೋದರೆ ನೋಡಬಹುದು. ಮಳೆಗಾಲದಲ್ಲಿ ಮಳೆನೀರು ಉಪ್ಪನ್ನು ತೊಳೆದಾಗ ಅಲ್ಲಿ ಕಗ್ಗ ಬೆಳೆಯುತ್ತಾರೆ. ಉಪ್ಪುನೀರು, ನೆರೆ ಎರಡನ್ನೂ ತಡೆದು ನಿಲ್ಲುವ ಭತ್ತ ಅದು. ಕೊಯ್ಲಾದ ಮೇಲೆ ಕಟ್ಟೆಯ ಬಾಗಿಲು ತೆಗೆದು ಭರತದ (ಸಮುದ್ರದ ಉಬ್ಬರದ) ನೀರು ಒಳಗೆ ಬಿಡುತ್ತಾರೆ. ನೀರಿನ ಜೊತೆ ಮೀನು, ಶೆಟ್ಲಿ (ಸೀಗಡಿ), ಏಡಿ ಬರುತ್ತವೆ. ಅರ್ಧ ವರ್ಷ ಅದು ಗದ್ದೆ, ಇನ್ನರ್ಧ ವರ್ಷ ಮೀನಿನ ಕೆರೆ. ಎಷ್ಟೋ ಮನೆಗಳಿಗೆ ಭತ್ತ ಊಟಕ್ಕೆ, ಶೆಟ್ಲಿ ಕಾಸಿಗೆ.

ಪಹಣಿಯಲ್ಲಿ ಮಾತ್ರ ಭತ್ತ ಇರುತ್ತದೆ, ಶೆಟ್ಲಿ ಇರುವುದಿಲ್ಲ. ಐತೀರ್ಪು ಪಹಣಿ ನೋಡಿ ಬರೆದದ್ದು. ಒಂದೇ ಬೆಳೆಯ, ಇಳುವರಿ ಕಡಿಮೆಯ ಗದ್ದೆ ಎಂದು ದರ ಬಿತ್ತು. ಯುವ ಎಸಿ ನಿಯಮ ತಪ್ಪಲಿಲ್ಲ, ಯಾರಿಂದಲೂ ಒಂದು ರೂಪಾಯಿ ಮುಟ್ಟಲಿಲ್ಲ. ಕೆಲಸ ಹೇಳಿದ ಸಮಯಕ್ಕೆ ಮುಗಿಯಿತು. ಒಳ್ಳೆಯ ಹೆಸರು ಬಂತು, ಮುಂದಿನ ಹುದ್ದೆಗೆ ಹೋದರು.

ವರ್ಷಗಳ ಮೇಲೆ ಅವರು ಸರ್ಕಾರಿ ಟಿವಿಯ ಮುಖ್ಯಸ್ಥರಾದರು. ಐಎಎಸ್‌ನವರು ಟಿವಿಗೆ ಯಾಕೆ ಬರುತ್ತಾರೆ ಎಂದು ನಮ್ಮ ವಿದ್ಯಾರ್ಥಿಗಳು ಕೇಳುತ್ತಾರೆ. ಈ ದೇಶದಲ್ಲಿ ಟಿವಿ ಹುಟ್ಟಿದ್ದೇ ಸರ್ಕಾರದ ಮನೆಯಲ್ಲಿ. 1959ರಲ್ಲಿ ದೆಹಲಿಯಲ್ಲಿ ಪ್ರಯೋಗವಾಗಿ ಶುರುವಾದಾಗ ಅದು ಆಕಾಶವಾಣಿಯ ಒಂದು ಭಾಗ. 1976ರಲ್ಲಿ ದೂರದರ್ಶನ ಬೇರೆಯಾಯಿತು, ಆದರೆ ಸಚಿವಾಲಯದ ಅಡಿಯಲ್ಲೇ ಉಳಿಯಿತು. ತುರ್ತುಪರಿಸ್ಥಿತಿಯಲ್ಲಿ ರೇಡಿಯೊ, ಟಿವಿ ಹೇಗೆ ಬಳಕೆಯಾದವು ಎಂಬುದರ ಬಗ್ಗೆ 1977ರಲ್ಲಿ ಶ್ವೇತಪತ್ರವೇ ಬಂತು. ವರ್ಗೀಸ್ ಸಮಿತಿ 1978ರಲ್ಲಿ ಸ್ವಾಯತ್ತ ಸಂಸ್ಥೆ ಬೇಕು ಅಂದಿತು. ಅಂಥ ಸಂಸ್ಥೆ ಕಟ್ಟುವ ಪ್ರಸಾರ ಭಾರತಿ ಕಾಯ್ದೆ 1990ರಲ್ಲಿ ಪಾಸಾದರೂ ಜಾರಿಗೆ ಬಂದದ್ದು 1997ರಲ್ಲಿ. ಕುರ್ಚಿ ಆಮೇಲೂ ಗಟ್ಟಿಯೇನಲ್ಲ. ಪ್ರಸಾರ ಭಾರತಿಯ ಮೊದಲ ಸಿಇಒ ಎಸ್.ಎಸ್. ಗಿಲ್ ಅವರೂ ನಿವೃತ್ತ ಐಎಎಸ್. 1998ರಲ್ಲಿ ಸುಗ್ರೀವಾಜ್ಞೆಯ ಮೂಲಕ ವಯಸ್ಸಿನ ಮಿತಿ ತಂದಾಗ ಅವರ ಹುದ್ದೆ ಹೋಯಿತು. ಇಂಥ ಕುರ್ಚಿಯಲ್ಲಿ ಕೂರುವವರಿಗೆ ಫೋನು ಬರುತ್ತಲೇ ಇರುತ್ತದೆ.

ನಮ್ಮ ಅಧಿಕಾರಿ ಫೋನಿಗೆ ಒಂದು ಮದ್ದು ಕಂಡುಕೊಂಡಿದ್ದರು. ಅಖಿಲ ಭಾರತ ಸೇವೆಗಳ ನಡತೆ ನಿಯಮಗಳು, 1968, ಮೂರನೇ ನಿಯಮ. ಮೇಲಧಿಕಾರಿಯ ಸೂಚನೆ ಸಾಮಾನ್ಯವಾಗಿ ಬರಹದಲ್ಲಿರಬೇಕು. ಬಾಯಿಮಾತಿನಲ್ಲಿ ಹೇಳಲೇಬೇಕಾಗಿ ಬಂದರೆ ತಕ್ಷಣ ಬರಹದಲ್ಲಿ ಖಚಿತಪಡಿಸಬೇಕು. ಸೂಚನೆ ಪಡೆದವರೂ ಆದಷ್ಟು ಬೇಗ ಅದನ್ನು ಕೇಳಿ ಪಡೆಯಬೇಕು. ಈ ಕಾರ್ಯಕ್ರಮ ಬೇಡ ಎಂದು ಯಾರಾದರೂ ಫೋನ್ ಮಾಡಿದರೆ ಅವರು ವಿನಯದಿಂದಲೇ, "ಆಗಲಿ, ಎರಡು ಸಾಲು ಬರೆದು ಕಳಿಸಿ" ಅನ್ನುತ್ತಿದ್ದರು. ಆ ಎರಡು ಸಾಲು ಸಾಮಾನ್ಯವಾಗಿ ಬರುತ್ತಲೇ ಇರಲಿಲ್ಲ. ಕಚೇರಿಯಲ್ಲಿ ಇದು ಎಲ್ಲರಿಗೂ ಗೊತ್ತಿತ್ತು. ಕಿರಿಯ ನಿರ್ಮಾಪಕರಿಗೆ ಅವರ ಮೇಲೆ ಅಭಿಮಾನ ಹುಟ್ಟಿದ್ದು ಇದರಿಂದಲೇ.

ಸಮಸ್ಯೆ

ಒಬ್ಬ ನಿರ್ಮಾಪಕರು ಕರಾವಳಿಯ ನಿರಾಶ್ರಿತರ ಬಗ್ಗೆ ಅರ್ಧ ಗಂಟೆಯ ವರದಿ ಮಾಡಿದರು. ಕೇಂದ್ರದ ಪದ್ಧತಿಯಂತೆ ಪ್ರಸಾರಕ್ಕೆ ಮೊದಲು ಹಿರಿಯರು ನೋಡಬೇಕು. ಮುಖ್ಯಸ್ಥರೂ ಪ್ರಿವ್ಯೂ ಕೋಣೆಯಲ್ಲಿ ಬಂದು ಕೂತರು. ಹಳೆಯ ಊರಿನ ಆಸೆಗೆ ಬಂದು ಕೂತದ್ದು ಎಂದು ಅವರೇ ಹೇಳಿದರು.

ವರದಿಯ ನಡುವೆ ಒಬ್ಬ ವಯಸ್ಸಾದ ಹೆಂಗಸು ಪುನರ್ವಸತಿ ಮನೆಯ ಜಗಲಿಯಲ್ಲಿ ಕೂತಿದ್ದಾಳೆ. ಪಕ್ಕದಲ್ಲಿ ಒಂದು ಪ್ಲಾಸ್ಟಿಕ್ ಕೊಟ್ಟೆ. ಬಾಯಿಗೆ ಸುತ್ತಿದ ಬಾಳೆನಾರು ಬಿಚ್ಚಿ ಒಳಗಿಂದ ಇನ್ನೊಂದು ಕೊಟ್ಟೆ ತೆಗೆಯುತ್ತಾಳೆ, ಅದರೊಳಗಿಂದ ಮಡಿಚಿಟ್ಟ ಕಾಗದ. ಮಳೆಗಾಲದ ತಂಡಿಗೆ ಮಡಿಕೆಗಳಲ್ಲಿ ಕಾಗದ ಕಪ್ಪಾಗಿದೆ. "ಗದ್ದೆ ಎಷ್ಟು ಅಂತ ಕೇಳಿದ್ರು, ಹೇಳಿದ್ವಿ. ನೀರು ಎಷ್ಟು ಅಂತ ಯಾರೂ ಕೇಳ್ಲಿಲ್ಲ, ಒಡ್ಯಾ" ಅನ್ನುತ್ತಾಳೆ. ಕ್ಯಾಮೆರಾ ಕಾಗದದ ಮೇಲೆ ಇಳಿಯುತ್ತದೆ. ಕೊನೆಯಲ್ಲಿ ಸೀಲು, ಅದರ ಮೇಲೆ ಸಹಿ.

ಸಹಿ ಅವರದೇ. ಪ್ರಿವ್ಯೂ ಕೋಣೆಯಲ್ಲಿ ಇದ್ದವರಲ್ಲಿ ಅದು ಗೊತ್ತಾದದ್ದು ಅವರೊಬ್ಬರಿಗೆ ಮಾತ್ರ. ಕೆಲಸಕ್ಕೆ ಸೇರಿದ ಕಾಲದ ಸಹಿ ಬೇರೆ ಥರ ಇತ್ತು, ಓದಲು ಬರುತ್ತಿರಲಿಲ್ಲ.

ಮೊದಲು ಮಾಡಿದ್ದು

ಅವರು ಏನೂ ಹೇಳಲಿಲ್ಲ. ವರದಿಯನ್ನು ತಡೆಯಲೂ ಇಲ್ಲ, ಬಿಡಲೂ ಇಲ್ಲ. ಕಂದಾಯ ಇಲಾಖೆಯ ಮಾತು ಸೇರಿಸಿ ಎಂದು ವಾಪಸ್ ಕಳಿಸಿದರು. ಸೇರಿಸಿ ತಂದಾಗ, ವಕೀಲರು ನೋಡಲಿ ಅಂದರು. ವಕೀಲರು ನೋಡಿದ ಮೇಲೆ, ಧ್ವನಿ ಸರಿಯಿಲ್ಲ, ಮತ್ತೊಮ್ಮೆ ಮಿಕ್ಸ್ ಮಾಡಿ ಅಂದರು. ಒಂದೊಂದು ಸೂಚನೆಯೂ ಬಿಡಿಯಾಗಿ ನೋಡಿದರೆ ಸರಿಯೇ. ಇಲಾಖೆಯ ಮಾತು ಬೇಕೇ ಬೇಕು. ಆದರೆ ಮೂರೂ ಸೇರಿದಾಗ ವಾರಗಳು ಕಳೆದವು.

ಆ ಹೊತ್ತಿಗೆ ದೆಹಲಿಯಿಂದ ಫೋನ್ ಬಂತು. ವರದಿಯ ಸುದ್ದಿ ಅಲ್ಲಿಗೆ ಹೇಗೋ ತಲುಪಿತ್ತು. ಮಾತು ಸೌಮ್ಯವಾಗಿಯೇ ಇತ್ತು. ಈಗ ಇದು ಬೇಡ, ವಿಷಯ ಸೂಕ್ಷ್ಮ, ಸ್ವಲ್ಪ ದಿನ ಹೋಗಲಿ. ಅಧಿಕಾರಿ ಸರಿ ಅಂದರು. ನಿರ್ಮಾಪಕರನ್ನು ಕರೆದು, ಮೇಲಿನಿಂದ ಹೇಳಿದ್ದಾರೆ, ಸದ್ಯಕ್ಕೆ ನಿಲ್ಲಿಸೋಣ ಅಂದರು.

ನಿರ್ಮಾಪಕರು ಕೇಳಿದ್ದು ಒಂದೇ ಮಾತು. "ಸರ್, ಈ ಸಲ ಬರೆದು ಕಳಿಸಿ ಅನ್ನಲಿಲ್ವಾ?"

ಪ್ರಕರಣದ ತಿರುವು ಈ ಪ್ರಶ್ನೆ. ಅಧಿಕಾರಿ ಈ ಭಾಗವನ್ನು ಹೇಳುವಾಗ ನಿಧಾನವಾಗಿ, ಮಾತು ಹುಡುಕಿ ಹೇಳಿದರು. ಆ ಫೋನ್ ಬಂದಾಗ ತನಗೆ ಸಿಟ್ಟು ಬರಲಿಲ್ಲ, ನಿರಾಳವಾಯಿತು ಅಂದರು. ಉಳಿದ ಫೋನುಗಳಿಗೆಲ್ಲ ನಿಯಮ ನೆನಪಿಸಿದವರಿಗೆ ಈ ಫೋನಿನಲ್ಲಿ ನಿಯಮ ನೆನಪಾಗಲೇ ಇಲ್ಲ. ತಾನು ಮಾಡಲು ಮನಸ್ಸಿಲ್ಲದ ಕೆಲಸವನ್ನು ಇನ್ನೊಬ್ಬರು ಬೇಡ ಅಂದರೆ ಅದು ಒತ್ತಡದಂತೆ ಕಾಣುವುದೇ ಇಲ್ಲ. ನಾನು ಈ ಪ್ರಕರಣವನ್ನು ತರಗತಿಗೆ ತಂದದ್ದು ಇದೊಂದು ಕಾರಣಕ್ಕೆ. ಹೊರಗಿನ ಒತ್ತಡವೂ ಒಳಗಿನ ಭಯವೂ ಒಂದೇ ದಿಕ್ಕಿಗೆ ಎಳೆಯುವಾಗ ಒಳ್ಳೆಯ ಅಧಿಕಾರಿಯೂ ಎಳೆತವನ್ನು ಗುರುತಿಸುವುದಿಲ್ಲ. ಅವರನ್ನು ತಡೆದದ್ದು ಕಿರಿಯ ಸಹೋದ್ಯೋಗಿಯ ಪ್ರಶ್ನೆ. ಆ ಪ್ರಶ್ನೆ ಕೇಳುವ ಧೈರ್ಯ ಬಂದದ್ದು ಇವರದೇ ಹಳೆಯ ನಡತೆಯಿಂದ.

ಆಮೇಲೆ ಮಾಡಿದ್ದು

ಮರುದಿನ ಅವರು ಕಡತದಲ್ಲಿ ಎರಡು ಟಿಪ್ಪಣಿ ಬರೆದರು. ಎರಡನ್ನೂ ಬೇರೆ ಬೇರೆ ಹಾಳೆಯಲ್ಲಿ ಬರೆದದ್ದು ಜಾಣತನದ ಕೆಲಸ ಎಂದು ನನ್ನ ಅಭಿಪ್ರಾಯ.

ಮೊದಲನೆಯದು ತನ್ನ ಬಗ್ಗೆ. ಈ ವರದಿಯಲ್ಲಿ ತೋರಿಸಿದ ಐತೀರ್ಪಿಗೆ ಸಹಿ ಹಾಕಿದ ಭೂಸ್ವಾಧೀನಾಧಿಕಾರಿ ನಾನೇ. ಆದ್ದರಿಂದ ಇದರ ಪ್ರಸಾರ, ಬದಲಾವಣೆ, ಸಮಯ ಯಾವುದರ ಬಗ್ಗೆಯೂ ನಾನು ತೀರ್ಮಾನ ಮಾಡುವುದಿಲ್ಲ. ಕಡತ ನನ್ನ ಉಪಮುಖ್ಯಸ್ಥರ ಬಳಿ ಹೋಗಲಿ, ಅವರ ತೀರ್ಮಾನವೇ ಕೊನೆ. ಈ ಹಿಂದೆ ನಾನು ಕೊಟ್ಟ ಮೂರು ಸೂಚನೆಗಳನ್ನು ಅವರು ಹೊಸದಾಗಿ ಪರಿಶೀಲಿಸಲಿ.

ಎರಡನೆಯದು ಫೋನಿನ ಬಗ್ಗೆ. ಇಂಥ ದಿನ, ಇಂಥ ಹೊತ್ತಿಗೆ, ಇಂಥವರಿಂದ ಈ ಸೂಚನೆ ಬಂತು, ದಯವಿಟ್ಟು ಬರಹದಲ್ಲಿ ಖಚಿತಪಡಿಸಿ ಎಂದು ದೆಹಲಿಗೆ ಪತ್ರ. ಜೊತೆಗೆ ಒಂದು ವಾಕ್ಯ. ಪ್ರಸಾರ ಭಾರತಿ ಕಾಯ್ದೆಯ 23ನೇ ಕಲಮಿನಡಿ ನಿರ್ದೇಶನವಾದರೆ ಆ ರೂಪದಲ್ಲೇ ಕಳಿಸಬೇಕು.

ಈ 23ನೇ ಕಲಂ ನಮ್ಮ ವಿದ್ಯಾರ್ಥಿಗಳು ಓದಿರುವುದೇ ಇಲ್ಲ, ಆದರೆ ಓದಲೇಬೇಕು. ದೇಶದ ಸಾರ್ವಭೌಮತೆ, ಏಕತೆ, ಭದ್ರತೆ, ಸಾರ್ವಜನಿಕ ಶಾಂತಿ ಇವುಗಳಿಗಾಗಿ ಇಂಥದ್ದನ್ನು ಪ್ರಸಾರ ಮಾಡಬೇಡಿ ಎಂದು ಕೇಂದ್ರ ಸರ್ಕಾರ ನಿರ್ದೇಶನ ಕೊಡಬಹುದು. ಸಾರ್ವಜನಿಕ ಮಹತ್ವದ ವಿಷಯವನ್ನು ಪ್ರಸಾರ ಮಾಡಿ ಎಂದೂ ಹೇಳಬಹುದು. ಆದರೆ ಅಂಥ ಪ್ರತಿಯೊಂದು ನಿರ್ದೇಶನದ ಪ್ರತಿ ಸಂಸತ್ತಿನ ಎರಡೂ ಸದನಗಳ ಮುಂದೆ ಇಡಬೇಕು. ಅಂದರೆ ಸರ್ಕಾರಕ್ಕೆ ಬಾಗಿಲು ಇದೆ, ಬಾಗಿಲಿಗೆ ದೀಪವೂ ಇದೆ. ಫೋನು ಆ ದೀಪ ತಪ್ಪಿಸುವ ದಾರಿ. ಪತ್ರಕ್ಕೆ ಉತ್ತರ ಬರಲಿಲ್ಲ. ನಿರ್ದೇಶನವೂ ಬರಲಿಲ್ಲ.

ಈಗ ತೀರ್ಮಾನ ಉಪಮುಖ್ಯಸ್ಥೆಯದು. ಅವರು ಟಿವಿಯೊಳಗೇ ಬೆಳೆದು ಬಂದವರು, ಐಎಎಸ್ ಅಲ್ಲ. ಇಲಾಖೆಯ ಮಾತು ಇರಲಿ ಅಂದರು. ವಕೀಲರ ಒಂದು ತಿದ್ದುಪಡಿ ಒಪ್ಪಿದರು. ಧ್ವನಿ ಮೊದಲೇ ಚೆನ್ನಾಗಿತ್ತು ಎಂದು ಬರೆದರು. ಆಮೇಲೆ ಎರಡು ಕೆಲಸ ತಾವಾಗಿ ಸೇರಿಸಿದರು. ಒಂದು, ಸಹಿಯ ದೃಶ್ಯ ಬರುವಾಗ ಪರದೆಯ ಕೆಳಗೆ ಒಂದು ಸಾಲು: ಅಂದಿನ ಭೂಸ್ವಾಧೀನಾಧಿಕಾರಿ ಇಂದು ಈ ಸಂಸ್ಥೆಯ ಮುಖ್ಯಸ್ಥರಾಗಿದ್ದಾರೆ, ಈ ವರದಿಯ ಪ್ರಸಾರದ ತೀರ್ಮಾನದಲ್ಲಿ ಅವರು ಪಾಲ್ಗೊಂಡಿಲ್ಲ. ಎರಡು, ಮುಖ್ಯಸ್ಥರನ್ನೇ ಕ್ಯಾಮೆರಾ ಮುಂದೆ ಕೂರಿಸಿ ಕೇಳಿ ಎಂದು ನಿರ್ಮಾಪಕರಿಗೆ ಸೂಚನೆ.

ಎರಡನೆಯದು ಕಷ್ಟದ್ದು. ಸರ್ಕಾರದ ನೀತಿಯನ್ನು ಸೇವೆಯಲ್ಲಿರುವವರು ಹೊರಗೆ ಟೀಕಿಸುವಂತಿಲ್ಲ, ನಡತೆ ನಿಯಮದಲ್ಲೇ ಇದೆ. ಅಧಿಕಾರಿ ಒಂದು ರಾತ್ರಿ ಯೋಚಿಸಿ ಒಪ್ಪಿದರು, ಕಡತದಲ್ಲಿ ಇರುವುದನ್ನು ಮಾತ್ರ ಹೇಳುತ್ತೇನೆ ಎಂಬ ಷರತ್ತಿನ ಮೇಲೆ. ಹೇಳಿದ್ದು ಇಷ್ಟು. ದರ ಪಹಣಿಯ ಮೇಲೆ ನಿಗದಿಯಾಯಿತು. ಪಹಣಿಯಲ್ಲಿ ಭತ್ತ ಇತ್ತು. ಬೇಸಿಗೆಯ ಮೀನಿನ ಆದಾಯ ಲೆಕ್ಕಕ್ಕೆ ಬರಲಿಲ್ಲ. ಆ ಬಗ್ಗೆ ವಿಚಾರಣೆಯಲ್ಲಿ ನಾನು ಪ್ರಶ್ನೆ ಕೇಳಿದ ದಾಖಲೆ ಇಲ್ಲ.

ಕೊನೆಯ ವಾಕ್ಯದ ಮೇಲೆ ನನಗೆ ತುಂಬಾ ಗೌರವ. ಕಡತದಲ್ಲಿ ಇದ್ದದ್ದನ್ನೇ ಹೇಳಿದ್ದಾರೆ, ನಿಯಮ ಮೀರಿಲ್ಲ, ಆದರೂ ಆ ಹೆಂಗಸಿನ ಮಾತಿಗೆ ಅದು ನೇರ ಉತ್ತರ.

ಏನಾಯಿತು

ವರದಿ ರಾತ್ರಿ ಹತ್ತೂವರೆಗೆ ಪ್ರಸಾರವಾಯಿತು. ಮಳೆಗಾಲ. ವರದಿಯಲ್ಲಿದ್ದ ಊರಿನಲ್ಲೇ ಕರೆಂಟ್ ಹೋಗಿ ಎಷ್ಟೋ ಜನ ಅರ್ಧ ನೋಡಿದರು. ಮತ್ತೆ ಹಾಕಿ ಎಂದು ಪತ್ರಗಳು ಬಂದವು, ಒಂದು ಭಾನುವಾರ ಮತ್ತೆ ಹಾಕಿದರು. ಆ ಸಲ ಸಮಯ ಹೊಂದಿಸಲು ಯಾರೋ ಒಂದೆರಡು ನಿಮಿಷ ಕತ್ತರಿಸಿದರು. ಕತ್ತರಿಸಿದ ಭಾಗದಲ್ಲಿ ಪರದೆಯ ಕೆಳಗಿನ ಆ ಸಾಲೂ ಹೋಯಿತು. ಬೇಕಂತ ಮಾಡಿದ್ದೋ ಗೊತ್ತಿಲ್ಲದೆ ಆದದ್ದೋ, ಹೊಣೆ ಯಾರೂ ಹೊರಲಿಲ್ಲ. ಮರುಪ್ರಸಾರ ಮಾತ್ರ ನೋಡಿದವರಲ್ಲಿ ಕೆಲವರು ಇಂದಿಗೂ, ಮುಖ್ಯಸ್ಥರು ತಮ್ಮ ಹಳೆಯ ಸಂಬಂಧ ಮುಚ್ಚಿಟ್ಟರು ಎಂದೇ ನಂಬಿದ್ದಾರೆ. ನಿಯಮ ಮಾಡಿದರೆ ಸಾಲದು, ಮರುಪ್ರಸಾರದ ಟೇಪಿಗೂ ಅದು ಅಂಟಿಕೊಳ್ಳಬೇಕು.

ಅಧಿಕಾರಿ ಡೆಪ್ಯುಟೇಷನ್ (ಎರವಲು ಸೇವೆ) ಅವಧಿ ಮುಗಿಯುವ ಮೊದಲೇ ಕೇಡರಿಗೆ ವಾಪಸಾದರು. ಕಾರಣ ಆಡಳಿತಾತ್ಮಕ ಎಂದು ಆದೇಶದಲ್ಲಿತ್ತು. ಅದು ಈ ವರದಿಯಿಂದಲೇ ಎಂದು ಅವರು ಹೇಳುವುದಿಲ್ಲ, ಅಲ್ಲ ಎಂದೂ ಹೇಳುವುದಿಲ್ಲ. ಬಾಯಿಮಾತಿನ ಆದೇಶದ ಮೇಲೆ ಅಧಿಕಾರಿಗಳು ಕೆಲಸ ಮಾಡಬಾರದು, ಅವರಿಗೆ ನಿಗದಿತ ಅವಧಿ ಬೇಕು ಎಂದು ಸುಪ್ರೀಂ ಕೋರ್ಟ್ ಟಿ.ಎಸ್.ಆರ್. ಸುಬ್ರಮಣಿಯನ್ ಪ್ರಕರಣದಲ್ಲಿ ಹೇಳಿದ್ದು 2013ರ ಅಕ್ಟೋಬರಿನಲ್ಲಿ. ಇವರ ಕಾಲಕ್ಕೆ ಆ ಆಸರೆ ಇರಲಿಲ್ಲ.

ಭೂಮಿ ಕೊಟ್ಟವರ ಕತೆ ಅಷ್ಟು ಸುಖದ್ದಲ್ಲ. ಹಳೆಯ ಕಾಯ್ದೆಯಲ್ಲಿ ಪರಿಹಾರದ ಹಣವನ್ನು ತಕರಾರು ಹೇಳಿ ಪಡೆದವರಿಗೆ ಮಾತ್ರ 18ನೇ ಕಲಮಿನಡಿ ನ್ಯಾಯಾಲಯಕ್ಕೆ ಕಳಿಸಿ ಎಂದು ಕೇಳುವ ಹಕ್ಕು, ಅದಕ್ಕೂ ವಾಯಿದೆ ಇತ್ತು. ತಕರಾರು ಎಂದು ಬರೆಸಬೇಕು ಅನ್ನುವುದೇ ಎಷ್ಟೋ ಮಂದಿಗೆ ತಿಳಿದಿರಲಿಲ್ಲ. ಸುಮ್ನೆ ಹೆಬ್ಬೆಟ್ಟು ಒತ್ತಿ ಹಣ ತಗೊಂಡು ಬಂದಿದ್ದರು. ಆ ಹೆಂಗಸಿನ ಮನೆಯೂ ಅದರಲ್ಲೊಂದು. ವರದಿ ಬಂದ ಮೇಲೆ ತಾಲೂಕಿನಲ್ಲಿ ಅದಾಲತ್ ನಡೆಯಿತು. ನಿವೇಶನದ ಹಕ್ಕುಪತ್ರ ಬಾಕಿ ಇದ್ದ ಕೆಲವರಿಗೆ ಪತ್ರ ಸಿಕ್ಕಿತು, ಅವಳಿಗೂ ಸಿಕ್ಕಿತು. ಶೆಟ್ಲಿಯ ಲೆಕ್ಕ ಯಾರಿಗೂ ಸಿಗಲಿಲ್ಲ.

ತರಗತಿಯಲ್ಲಿ ಎದ್ದ ಮಾತು

ಈ ಪ್ರಕರಣ ಚರ್ಚೆಗೆ ಇಟ್ಟಾಗಲೆಲ್ಲ ವಿದ್ಯಾರ್ಥಿಗಳು ಮೊದಲು ಹಿಡಿಯುವುದು ದೆಹಲಿಯ ಫೋನನ್ನು. ಅದು ಸುಲಭ, ಕಲಂ ಗೊತ್ತಿದ್ದರೆ ಉತ್ತರ ಬರೆಯಬಹುದು. ನಾನು ಅವರನ್ನು ಫೋನಿಗೆ ಮೊದಲಿನ ವಾರಗಳಿಗೆ ಎಳೆಯುತ್ತೇನೆ. ತಡೆ ಶುರುವಾದದ್ದು ಅಲ್ಲಿ. ಪ್ರಿವ್ಯೂ ಕೋಣೆಯಿಂದ ಹೊರಗೆ ಬಂದ ಸಂಜೆಯೇ ಆ ಮೊದಲ ಟಿಪ್ಪಣಿ ಬರೆದಿದ್ದರೆ ಫೋನು ಇವರಿಗೆ ಬಂದರೂ ಕೊಡಲು ಇವರ ಕೈಯಲ್ಲಿ ಏನೂ ಇರುತ್ತಿರಲಿಲ್ಲ. ತನ್ನ ಸಂಬಂಧ ಇರುವ ವಿಷಯದಿಂದ ದೂರ ಸರಿಯುವುದು ಬರೀ ನೀತಿಯ ಪ್ರಶ್ನೆಯಲ್ಲ, ಒತ್ತಡದ ಎದುರು ಅದೊಂದು ರಕ್ಷಣೆ ಕೂಡ. ಇದನ್ನು ನಾನು ಯಾವ ಗೈಡಿನಲ್ಲೂ ನೋಡಿಲ್ಲ.

ಇನ್ನೊಂದು ವಿಷಯ. ಸರ್ಕಾರಿ ಟಿವಿಗೆ ಬರುವ ಅಧಿಕಾರಿಗಳ ಸೇವೆ ಜಿಲ್ಲೆಗಳಲ್ಲೇ ಶುರುವಾಗಿರುತ್ತದೆ. ಭೂಮಿ, ಪಡಿತರ, ಚುನಾವಣೆ, ಗೋಲಿಬಾರು, ನೆರೆ ಎಲ್ಲದರಲ್ಲೂ ಅವರ ಸಹಿ ಇರುತ್ತದೆ. ಮುಂದೊಂದು ದಿನ ಅದೇ ವಿಷಯಗಳು ಅವರ ಮೇಜಿಗೆ ವರದಿಯಾಗಿ ಬರುತ್ತವೆ. ಪತ್ರಕರ್ತರಿಗೆ ಈ ತೊಡಕು ಇಷ್ಟು ಬರುವುದಿಲ್ಲ. ಹಾಗಂತ ಐಎಎಸ್‌ನವರು ಆ ಕುರ್ಚಿಗೆ ಬೇಡ ಎಂದು ನಾನು ಹೇಳಲಾರೆ. ಗಜನಿ ಅಂದರೇನು ಎಂದು ಪ್ರಿವ್ಯೂ ಕೋಣೆಯಲ್ಲಿ ಯಾರೂ ಅವರಿಗೆ ವಿವರಿಸಬೇಕಾಗಿರಲಿಲ್ಲ. ಆದರೆ ಕುರ್ಚಿಗೆ ಬಂದ ಮೊದಲ ವಾರವೇ ಹಳೆಯ ಹುದ್ದೆಗಳ ಪಟ್ಟಿ, ಮುಖ್ಯ ಆದೇಶಗಳ ಪಟ್ಟಿ ಬರೆದು ಉಪಮುಖ್ಯಸ್ಥರ ಕೈಗೆ ಕೊಡಬೇಕು. ಅದರಲ್ಲಿನ ಯಾವ ವಿಷಯ ಬಂದರೂ ಕಡತ ತಾನಾಗಿ ಪಕ್ಕಕ್ಕೆ ಹೋಗಬೇಕು. ಆಗ ಯಾರ ಧೈರ್ಯವನ್ನೂ ನಂಬಿ ಕೂರಬೇಕಾಗಿಲ್ಲ.

ಶಿರಸಿಯಿಂದ ಬರುವ ಒಬ್ಬ ವಿದ್ಯಾರ್ಥಿನಿ ಒಮ್ಮೆ ಬೇರೆ ಪ್ರಶ್ನೆ ಎತ್ತಿದಳು. ಅಧಿಕಾರಿ ಕ್ಯಾಮೆರಾ ಮುಂದೆ ಬಂದದ್ದೇ ತಪ್ಪಲ್ವಾ ಸರ್, ತೀರ್ಮಾನದಿಂದ ದೂರ ಸರಿದವರು ವರದಿಯೊಳಗೆ ಕಾಣಿಸಿಕೊಂಡರೆ ದೂರ ಸರಿದ ಹಾಗೆ ಆಯಿತಾ ಎಂದು. ಅರ್ಧ ತರಗತಿ ಅವಳ ಕಡೆ ನಿಂತಿತು. ನನ್ನ ಅಭಿಪ್ರಾಯ ಬೇರೆ. ದೂರ ಸರಿದದ್ದು ಮುಖ್ಯಸ್ಥ, ಕ್ಯಾಮೆರಾ ಮುಂದೆ ಕೂತದ್ದು ಸಾಕ್ಷಿ. ಬೇರೆ ಟಿವಿಯವರು ಕೇಳಿದ್ದರೂ ಆ ನಾಲ್ಕು ವಾಕ್ಯ ಅವರು ಹೇಳಬೇಕಾಗಿತ್ತು. ಅವಳು ಒಪ್ಪಲಿಲ್ಲ. ಹಾಗಾದರೆ ಬೇರೆ ಟಿವಿಗೇ ಹೋಗಿ ಹೇಳಬೇಕಿತ್ತು ಅಂದಳು. ಪರೀಕ್ಷೆಯಲ್ಲಿ ಈ ಪ್ರಶ್ನೆ ಬಂದರೆ ಎರಡೂ ಉತ್ತರಕ್ಕೆ ಅಂಕ ಸಿಗುತ್ತದೆ, ಕಾರಣ ಬರೆದಿದ್ದರೆ.